ರಾಂಗ್ ನಂಬರ್: ಎಲ್ಲರೂ ಫೋನ್ ಎತ್ತಿದರು, ಯಾರೂ ಕೇಳಿಸಿಕೊಳ್ಳಲಿಲ್ಲ

ಕಿರು ಪರೀಕ್ಷೆ ಮುಗಿದ ಮರುದಿನ ನಮ್ಮ ಇಂಗ್ಲಿಷ್ ಉಪನ್ಯಾಸಕಿ ತರಗತಿಗೆ ಒಂದು ಚಿಕ್ಕ ಸ್ಪೀಕರ್ ತಂದರು. ಕಿಟಕಿ ಮುಚ್ಚಿಸಿದರು, ಲೈಟ್ ಆರಿಸಿದರು. "ಅರ್ಧ ಗಂಟೆ ಯಾರೂ ಮಾತನಾಡಬೇಡಿ, ಬರೀ ಕೇಳಿ" ಎಂದರು. ನೋಡಲು ಏನೂ ಇಲ್ಲದ ನಾಟಕ ಎಂದು ಗೊತ್ತಾದಾಗ ಹಿಂದಿನ ಬೆಂಚಿನವರು ನಕ್ಕರು. ಅಮೆರಿಕದ ಹಳೆಯ ಟೆಲಿಫೋನ್ ಆಪರೇಟರ್‌ಗಳ ಮೂಗಿನ ಧ್ವನಿ ಕೇಳಿ ಇನ್ನೂ ಜೋರಾಗಿ ನಕ್ಕರು. ಆದರೆ ನಾಟಕ ಮುಗಿದು ಪೀರಿಯಡ್ ಬೆಲ್ ಹೊಡೆದಾಗ ಯಾರೂ ತಕ್ಷಣ ಏಳಲಿಲ್ಲ.

ಆ ನಾಟಕದ ಹೆಸರು 'ಸಾರಿ, ರಾಂಗ್ ನಂಬರ್'. ಅದರ ಬಗ್ಗೆ ಓದಿ ತಿಳಿದುಕೊಂಡದ್ದನ್ನು ಇಲ್ಲಿ ಬರೆಯುತ್ತಿದ್ದೇನೆ. ಕಥೆಯ ಕೊನೆಯನ್ನೂ ಹೇಳಲಿದ್ದೇನೆ. ಮೊದಲು ನಾಟಕ ಕೇಳಬೇಕು ಎನ್ನುವವರು ಕೇಳಿಬಂದು ಮುಂದೆ ಓದಿ.

ಬರೆದವರು, ನುಡಿದವರು

ಟಿ.ವಿ. ಇನ್ನೂ ಮನೆಮನೆಗೆ ಬರದ ಕಾಲದಲ್ಲಿ ಅಮೆರಿಕದ ಜನ ಸಂಜೆ ಹೊತ್ತು ರೇಡಿಯೋ ಮುಂದೆ ಕೂರುತ್ತಿದ್ದರು. ಸಿ.ಬಿ.ಎಸ್. ರೇಡಿಯೋದಲ್ಲಿ 'ಸಸ್ಪೆನ್ಸ್' ಎಂಬ ನಾಟಕ ಸರಣಿ 1942ರಿಂದ 1962ರವರೆಗೆ ಪ್ರಸಾರವಾಯಿತು. 'ಸಾರಿ, ರಾಂಗ್ ನಂಬರ್' ಈ ಸರಣಿಯಲ್ಲಿ ಮೊದಲು ಬಂದದ್ದು 1943ರ ಮೇ 25ರಂದು.

ಬರೆದವರು ಲೂಸಿಲ್ ಫ್ಲೆಚರ್. ನ್ಯೂಯಾರ್ಕಿನ ಬ್ರೂಕ್ಲಿನ್‌ನಲ್ಲಿ 1912ರಲ್ಲಿ ಹುಟ್ಟಿದ ಇವರು ಸಿ.ಬಿ.ಎಸ್. ಕಚೇರಿಯಲ್ಲಿ ಟೈಪಿಸ್ಟ್ ಆಗಿ ಕೆಲಸ ಮಾಡಿದವರು. ಬೇರೆಯವರ ನಾಟಕಗಳನ್ನು ಟೈಪ್ ಮಾಡುತ್ತಲೇ, ತಾನೂ ಬರೆಯಬಲ್ಲೆ ಎಂದು ಅವರಿಗೆ ಅನ್ನಿಸಿತಂತೆ. ಮುಖ್ಯ ಪಾತ್ರದ ಧ್ವನಿ ಆಗ್ನೆಸ್ ಮೂರ್‌ಹೆಡ್ ಅವರದು. 1941ರ 'ಸಿಟಿಜನ್ ಕೇನ್' ಚಿತ್ರದಲ್ಲಿ ನಾಯಕನ ತಾಯಿಯಾಗಿದ್ದ ನಟಿ ಇವರೇ. ನಾಟಕ ಎಷ್ಟು ಜನಪ್ರಿಯವಾಯಿತೆಂದರೆ ಅದೇ ವರ್ಷ ಮತ್ತೆ ಪ್ರಸಾರ ಮಾಡಬೇಕಾಯಿತು. ಮುಂದಿನ ವರ್ಷಗಳಲ್ಲೂ ಮೂರ್‌ಹೆಡ್ ಅದೇ ಪಾತ್ರವನ್ನು ಮತ್ತೆ ಮತ್ತೆ ನುಡಿದರು. ಅಮೆರಿಕದ ಲೈಬ್ರರಿ ಆಫ್ ಕಾಂಗ್ರೆಸ್, ಉಳಿಸಿಕೊಳ್ಳಲೇಬೇಕಾದ ಧ್ವನಿಮುದ್ರಣಗಳ 2014ರ ಪಟ್ಟಿಯಲ್ಲಿ ಇದನ್ನೂ ಸೇರಿಸಿದೆ.

ಕಥೆ

ನ್ಯೂಯಾರ್ಕ್ ನಗರ, ರಾತ್ರಿ. ಮಿಸೆಸ್ ಎಲ್ಬರ್ಟ್ ಸ್ಟೀವನ್‌ಸನ್ ಎಂಬ ಶ್ರೀಮಂತ ಹೆಂಗಸು ಹಾಸಿಗೆ ಹಿಡಿದಿದ್ದಾಳೆ. ಕೆಲಸದವಳಿಗೆ ಆ ದಿನ ರಜೆ. ಗಂಡ ಇನ್ನೂ ಮನೆಗೆ ಬಂದಿಲ್ಲ. ಅವನ ಆಫೀಸಿಗೆ ಎಷ್ಟು ಸಲ ಫೋನ್ ಮಾಡಿದರೂ ಎಂಗೇಜ್ ಬರುತ್ತದೆ. ರೇಗಿಹೋಗಿ ಆಪರೇಟರ್‌ಗೆ ಹೇಳಿ ಆ ನಂಬರ್ ಹಾಕಿಸುತ್ತಾಳೆ. ಆಗ ಲೈನ್ ತಪ್ಪಿ ಬೇರೆ ಇಬ್ಬರು ಗಂಡಸರ ಮಾತು ಅವಳ ಕಿವಿಗೆ ಬೀಳುತ್ತದೆ. ಅವಳು "ಹಲೋ, ಹಲೋ" ಎಂದರೂ ಅವರಿಗೆ ಕೇಳಿಸುವುದಿಲ್ಲ.

ಅವರು ಮಾತನಾಡುತ್ತಿರುವುದು ಒಂದು ಕೊಲೆಯ ಬಗ್ಗೆ. ಆ ರಾತ್ರಿ ಹನ್ನೊಂದೂ ಕಾಲಕ್ಕೆ ಸೇತುವೆಯ ಮೇಲೆ ರೈಲು ಹೋಗುತ್ತದೆ. ಆ ಸದ್ದಿನಲ್ಲಿ ಹೆಂಗಸಿನ ಕೂಗು ಹೊರಗೆ ಕೇಳಿಸದು. ಚೂರಿ ಬಳಸಬೇಕು, ಒಡವೆ ತೆಗೆದುಕೊಂಡು ಕಳ್ಳತನವೆಂದು ಕಾಣುವಂತೆ ಮಾಡಬೇಕು. ಇದೆಲ್ಲ ತಮ್ಮ 'ಕ್ಲೈಂಟ್' ಹೇಳಿದಂತೆ ನಡೆಯಬೇಕು ಎನ್ನುತ್ತಾರೆ. ಅಷ್ಟರಲ್ಲಿ ಲೈನ್ ಕಟ್ಟಾಗುತ್ತದೆ.

ಯಾರೋ ಒಬ್ಬ ಪಾಪದ ಹೆಂಗಸು ಸಾಯುತ್ತಾಳೆ, ತಡೆಯಬೇಕು ಎಂದು ಅವಳು ಮತ್ತೆ ಫೋನ್ ಎತ್ತುತ್ತಾಳೆ. ಉಳಿದ ನಾಟಕವೆಲ್ಲ ಅವಳು ಮಾಡುವ ಕರೆಗಳೇ. ಒಂದು ಕೋಣೆ, ಒಂದು ಹಾಸಿಗೆ, ಒಂದು ಟೆಲಿಫೋನ್.

ಆಪರೇಟರ್‌ಗೆ ಹೇಳುತ್ತಾಳೆ: ಆ ಕರೆ ಎಲ್ಲಿಂದ ಬಂತು, ಹುಡುಕಿ. ಆಪರೇಟರ್ ತನಗೆ ಅಧಿಕಾರವಿಲ್ಲವೆಂದು ಮೇಲಿನವರಿಗೆ ಲೈನ್ ಕೊಡುತ್ತಾಳೆ. ಮೇಲಿನವಳು ಬಹಳ ಮರ್ಯಾದೆಯಿಂದ, ಕರೆ ಮುಗಿದಿದ್ದರೆ ಹುಡುಕಲಾಗದು, ಪೊಲೀಸರು ಕೇಳಬೇಕು ಎನ್ನುತ್ತಾಳೆ. ಪೊಲೀಸ್ ಠಾಣೆಯ ಸಾರ್ಜೆಂಟ್ ಡಫಿ, ನಗರ ದೊಡ್ಡದು, ಇಷ್ಟು ಸುಳಿವಿನಿಂದ ಏನು ಮಾಡಲಿ ಎನ್ನುತ್ತಾನೆ. ಅಷ್ಟರಲ್ಲಿ ಟೆಲಿಗ್ರಾಂ ಕಂಪನಿಯವರು ಫೋನ್ ಮಾಡಿ ಗಂಡನ ಸಂದೇಶ ಓದುತ್ತಾರೆ. ನಿನಗೆ ಫೋನ್ ಮಾಡಿದೆ, ಲೈನ್ ಸಿಗಲಿಲ್ಲ, ಕೆಲಸದ ಮೇಲೆ ಬೋಸ್ಟನ್‌ಗೆ ಹೋಗುತ್ತಿದ್ದೇನೆ, ನಾಳೆ ಬರುತ್ತೇನೆ ಎಂಬ ಅರ್ಥದ ಮಾತು ಅದರಲ್ಲಿದೆ. ಒಂಟಿ ಇರಲು ಹೆದರಿ ಆಸ್ಪತ್ರೆಗೆ ಫೋನ್ ಮಾಡಿ ನರ್ಸ್ ಕಳುಹಿಸಿ ಎನ್ನುತ್ತಾಳೆ. ನರ್ಸ್‌ಗಳ ಕೊರತೆ ಇದೆ, ಡಾಕ್ಟರ್ ಹೇಳದೆ ಕಳುಹಿಸಲಾಗದು ಎಂಬ ಉತ್ತರ ಬರುತ್ತದೆ.

ಹನ್ನೊಂದೂ ಕಾಲು ಹತ್ತಿರವಾಗುತ್ತದೆ. ಕೆಳಗಿನ ಕೋಣೆಯಲ್ಲಿರುವ ಇನ್ನೊಂದು ಫೋನನ್ನು ಯಾರೋ ಎತ್ತಿದ 'ಕ್ಲಿಕ್' ಸದ್ದು ಅವಳ ರಿಸೀವರ್‌ನಲ್ಲಿ ಕೇಳಿಸುತ್ತದೆ. ಆ ಹೆಂಗಸು ತಾನೇ ಎಂದು ಅವಳಿಗೆ ಆಗ ಅರ್ಥವಾಗುತ್ತದೆ. ಪೊಲೀಸರಿಗೆ ಲೈನ್ ಸಿಗುವ ಮೊದಲೇ ರೈಲು ಬರುತ್ತದೆ. ರೈಲಿನ ಸದ್ದಿನೊಳಗೆ ಕೂಗು. ಅದೂ ನಿಂತ ಮೇಲೆ ಫೋನಿನಲ್ಲಿ ಸಾರ್ಜೆಂಟ್ ಡಫಿಯ ಧ್ವನಿ ಕೇಳುತ್ತದೆ. ಗಂಡಸೊಬ್ಬ ತಣ್ಣಗೆ, ಕ್ಷಮಿಸಿ, ರಾಂಗ್ ನಂಬರ್ ಎಂದು ಹೇಳಿ ಫೋನ್ ಇಡುತ್ತಾನೆ.

ಲೈನ್ ಹೇಗೆ ತಪ್ಪುತ್ತಿತ್ತು?

ನಮ್ಮ ವಯಸ್ಸಿನವರಿಗೆ ಇದೊಂದು ಕಟ್ಟುಕಥೆ ಅನ್ನಿಸಬಹುದು. ನಮ್ಮ ಮೊಬೈಲ್‌ನಲ್ಲಿ ಬೇರೆಯವರ ಮಾತು ನಡುವೆ ಬರುವುದಿಲ್ಲ. ಅಬ್ಬಾನನ್ನು ಕೇಳಿದೆ. "ಲ್ಯಾಂಡ್‌ಲೈನ್ ಕಾಲದಲ್ಲಿ ಮಳೆ ಬಂದರೆ ಸಾಕು, ಕ್ರಾಸ್ ಟಾಕ್ ಶುರು. ಯಾರದೋ ಮದುವೆ ಮಾತುಕತೆ ನಮ್ಮ ಫೋನಿನಲ್ಲಿ" ಎಂದು ನಕ್ಕರು.

ಆಗ ಪ್ರತಿ ಫೋನಿನಿಂದಲೂ ಒಂದು ಜೊತೆ ತಾಮ್ರದ ತಂತಿ ಎಕ್ಸ್‌ಚೇಂಜ್‌ವರೆಗೆ ಹೋಗುತ್ತಿತ್ತು. ನೂರಾರು ಜೊತೆ ತಂತಿಗಳು ಒಂದೇ ಕೇಬಲ್ಲಿನೊಳಗೆ ಇರುತ್ತಿದ್ದವು. ಒಳಗೆ ನೀರು ಇಳಿದು ಹೊದಿಕೆ ಕೆಟ್ಟರೆ ಒಂದು ತಂತಿಯ ವಿದ್ಯುತ್ ಪಕ್ಕದ ತಂತಿಗೆ ಹರಿದು, ಇವರ ಮಾತು ಅವರಿಗೆ ಕೇಳುತ್ತಿತ್ತು. ಎಕ್ಸ್‌ಚೇಂಜ್‌ನೊಳಗೆ ಆಪರೇಟರ್ ಪ್ಲಗ್ಗನ್ನು ತಪ್ಪು ತೂತಿಗೆ ಹಾಕಿದರೂ, ಯಂತ್ರದ ಸ್ವಿಚ್ ಸಿಕ್ಕಿಹಾಕಿಕೊಂಡರೂ ಎರಡು ಕರೆಗಳು ಸೇರಿಬಿಡುವ ಸಾಧ್ಯತೆ ಇತ್ತು.

ಕರೆಯನ್ನು ಹುಡುಕಲಾಗದು ಎಂದು ಮೇಲಿನ ಆಪರೇಟರ್ ಹೇಳಿದ್ದೂ ಸುಳ್ಳಲ್ಲ. ಆಗಿನ ಎಕ್ಸ್‌ಚೇಂಜ್‌ನಲ್ಲಿ ಕರೆ ಎಂದರೆ ಸ್ವಿಚ್‌ನಿಂದ ಸ್ವಿಚ್‌ಗೆ ನಿಜವಾಗಿಯೂ ಜೋಡಿಸಿದ ಒಂದು ದಾರಿ. ಮಾತು ನಡೆಯುತ್ತಿರುವಾಗ ನೌಕರರು ಆ ದಾರಿ ಹಿಡಿದು ಹಿಂದೆ ಹೋಗಿ ಮೂಲ ಹುಡುಕಬಹುದಿತ್ತು. ಫೋನ್ ಇಟ್ಟೊಡನೆ ಸ್ವಿಚ್‌ಗಳು ಬಿಡಿಸಿಕೊಳ್ಳುತ್ತಿದ್ದವು, ಗುರುತು ಉಳಿಯುತ್ತಿರಲಿಲ್ಲ. ಈಗ ಯಾರು ಯಾರಿಗೆ ಎಷ್ಟು ಹೊತ್ತಿಗೆ ಕರೆ ಮಾಡಿದರು ಎಂಬುದು ಕಂಪ್ಯೂಟರಿನಲ್ಲಿ ದಾಖಲಾಗುತ್ತದೆ.

ಇನ್ನೊಂದು ವಿಷಯ. ಆಗ ನ್ಯೂಯಾರ್ಕಿನಲ್ಲಿ ತುರ್ತು ಸಹಾಯಕ್ಕೆಂದು ಒಂದು ಸುಲಭ ನಂಬರ್ ಇರಲಿಲ್ಲ. ಲಂಡನ್‌ನಲ್ಲಿ 999 ಎಂಬ ಸಂಖ್ಯೆ 1937ರಲ್ಲೇ ಬಂದಿತ್ತು. ಅಮೆರಿಕದಲ್ಲಿ 911 ಶುರುವಾದದ್ದು 1968ರಲ್ಲಿ. ಅದಕ್ಕೇ ಅವಳು ಪ್ರತಿ ಸಲವೂ ಆಪರೇಟರ್‌ನ ದಾರಿ ಕಾಯಬೇಕಾಗುತ್ತದೆ.

ಭಯ ಹುಟ್ಟುವುದು ಎಲ್ಲಿ?

ಮೊದಲ ಸಲ ಕೇಳಿದಾಗ ಕೊಲೆಗಾರರಿಂದ ಭಯವಾಯಿತು. ಎರಡನೇ ಸಲ ಕೇಳಿದಾಗ ಬೇರೆಯವರಿಂದ ಭಯವಾಯಿತು. ಯೋಚಿಸಿ ನೋಡಿ, ಫೋನ್ ಎತ್ತಿದವರಲ್ಲಿ ಯಾರೂ ಕೆಟ್ಟವರಲ್ಲ. ಆಪರೇಟರ್ ನಿಯಮ ಪಾಲಿಸಿದಳು. ಆಸ್ಪತ್ರೆಯವಳೂ ನಿಯಮದಂತೆ ಉತ್ತರಿಸಿದಳು. ಎಲ್ಲರೂ ತಮ್ಮ ತಮ್ಮ ಕೆಲಸವನ್ನು ಸರಿಯಾಗಿಯೇ ಮಾಡಿದರು. ಇಷ್ಟು ಜನರ ನಡುವೆ ಒಂದು ಜೀವ ಹೋಯಿತು. ನಮ್ಮ ವ್ಯವಹಾರ ಅಧ್ಯಯನ ಪುಸ್ತಕದಲ್ಲಿ ಕೆಲಸದ ವಿಭಜನೆಯ ಲಾಭಗಳ ಪಟ್ಟಿ ಇದೆ. 'ಇದು ನನ್ನ ವಿಭಾಗವಲ್ಲ' ಎಂಬ ನಷ್ಟವನ್ನು ನನಗೆ ಈ ನಾಟಕ ತೋರಿಸಿತು.

ಆದರೆ ಲೇಖಕಿ ಅಷ್ಟಕ್ಕೇ ನಿಲ್ಲುವುದಿಲ್ಲ. ಮಿಸೆಸ್ ಸ್ಟೀವನ್‌ಸನ್ ಒಳ್ಳೆಯ ಮಾತಿನವಳಲ್ಲ. ಎಲ್ಲರ ಮೇಲೂ ರೇಗುತ್ತಾಳೆ, ನಿಮಗೆ ಬುದ್ಧಿ ಇಲ್ಲವೇ ಎಂಬ ಧಾಟಿಯಲ್ಲೇ ಮಾತನಾಡುತ್ತಾಳೆ, ತನ್ನ ಕಾಯಿಲೆಯನ್ನೇ ಹೇಳುತ್ತಾಳೆ. ನಾಟಕ ಶುರುವಾಗಿ ಐದು ನಿಮಿಷಕ್ಕೆ ನಮಗೂ ಅವಳ ಮೇಲೆ ಬೇಸರ ಬರುತ್ತದೆ. ಹಾಗಾಗಿ ಆಪರೇಟರ್ ಅವಳ ಮಾತನ್ನು ತಳ್ಳಿಹಾಕಿದಾಗ ನಾವೂ ಒಳಗೊಳಗೇ ತಳ್ಳಿಹಾಕಿರುತ್ತೇವೆ. ಕೊನೆಗೆ ಅವಳು ಹೇಳಿದ್ದು ನಿಜ ಎಂದಾದಾಗ ನಾಚಿಕೆಯಾಗುತ್ತದೆ. ಕಿರಿಕಿರಿ ಮಾಡುವವರು ಹೇಳುವುದೆಲ್ಲ ಸುಳ್ಳಲ್ಲ ಎಂಬುದನ್ನು ನಮ್ಮಿಂದಲೇ ತಪ್ಪು ಮಾಡಿಸಿ ಕಲಿಸುತ್ತಾರೆ.

ಇನ್ನೂ ಒಂದು ಜಾಗವಿದೆ. ಸಾರ್ಜೆಂಟ್ ಡಫಿ ಗಮನವಿಲ್ಲದೆ ಮಾತನಾಡಿದರೂ ಒಂದು ಸರಿಯಾದ ಪ್ರಶ್ನೆ ಕೇಳುತ್ತಾನೆ: ನಿಮ್ಮನ್ನೇ ಯಾರಾದರೂ ಕೊಲ್ಲಲು ನೋಡುತ್ತಿರಬಹುದೇ? ನನ್ನನ್ನೇ? ಯಾರು ಕೊಲ್ಲುತ್ತಾರೆ, ಗಂಡನಿಗೆ ನಾನೆಂದರೆ ಪ್ರಾಣ, ಎಂಬಂತೆ ಅವಳು ಉತ್ತರಿಸುತ್ತಾಳೆ. ಅಲ್ಲಿಗೆ ವಿಷಯ ಮುಗಿಯುತ್ತದೆ. ಸೇತುವೆ, ರೈಲು, ಒಂಟಿ ಹೆಂಗಸು ಎಂಬ ಸುಳಿವುಗಳೆಲ್ಲ ಅವಳ ಮನೆಗೇ ಹೊಂದುತ್ತವೆ. ಬೇರೆಯವರು ತನ್ನ ಮಾತು ಕೇಳಲಿಲ್ಲ ಎಂದು ದೂರುವ ಅವಳು, ತಾನು ಕೇಳಿದ್ದನ್ನೇ ಪೂರ್ತಿ ಕೇಳಿಸಿಕೊಂಡಿರುವುದಿಲ್ಲ. ಇಡೀ ನಾಟಕದಲ್ಲಿ ಅವಳ ಸ್ವಂತ ಹೆಸರೂ ಮುಖ್ಯವಾಗುವುದಿಲ್ಲ, ಅವಳು 'ಮಿಸೆಸ್ ಎಲ್ಬರ್ಟ್ ಸ್ಟೀವನ್‌ಸನ್', ಅಂದರೆ ಎಲ್ಬರ್ಟ್‌ನ ಹೆಂಡತಿ. ಆ ಎಲ್ಬರ್ಟ್ ಫೋನಿನಲ್ಲೂ ಸಿಗುವುದಿಲ್ಲ.

ಇದು ರೇಡಿಯೋಗೆಂದೇ ಬರೆದ ಕಥೆ ಎನ್ನುವುದಕ್ಕೆ ಕಾರಣವೂ ಇದೇ. ಅವಳು ಮಂಚದಿಂದ ಏಳಲಾರಳು, ಕಿವಿಯಿಂದ ಮಾತ್ರ ಲೋಕವನ್ನು ತಿಳಿಯುತ್ತಾಳೆ. ರೇಡಿಯೋ ಕೇಳುವ ನಾವೂ ಹಾಗೆಯೇ. ಡಯಲ್ ತಿರುಗುವ ಸದ್ದು, ಎಂಗೇಜ್ ಟೋನ್, ರೈಲು, ಕ್ಲಿಕ್ ಎಲ್ಲವೂ ಅವಳಿಗೆ ಕೇಳಿದಷ್ಟೇ ನಮಗೂ ಕೇಳುತ್ತದೆ. ನಾವೂ ಸಂಚನ್ನು ಕೇಳಿದ್ದೇವೆ, ನಾವೂ ಏನೂ ಮಾಡಲಾರೆವು.

ಸಿನಿಮಾ ಮತ್ತು ವಾಣಿಜ್ಯ ವಿಭಾಗದವರಿಗೆ ಒಂದು ಪಾಠ

ಇದೇ ಕಥೆ 1948ರಲ್ಲಿ ಅದೇ ಹೆಸರಿನಲ್ಲಿ ಸಿನಿಮಾ ಆಯಿತು. ಚಿತ್ರಕಥೆ ಫ್ಲೆಚರ್ ಅವರದೇ, ನಿರ್ದೇಶಕ ಅನಾಟೊಲ್ ಲಿಟ್ವಾಕ್. ನಾಯಕಿ ಬಾರ್ಬರಾ ಸ್ಟ್ಯಾನ್‌ವಿಕ್, ಗಂಡನಾಗಿ ಬರ್ಟ್ ಲ್ಯಾಂಕಾಸ್ಟರ್. ಸ್ಟ್ಯಾನ್‌ವಿಕ್ ಅವರ ಹೆಸರು ಆಸ್ಕರ್ ಪ್ರಶಸ್ತಿಗೆ ನಾಮನಿರ್ದೇಶನವಾಯಿತು. ಸಿನಿಮಾದಲ್ಲಿ ಅವಳಿಗೆ ಲಿಯೋನಾ ಎಂಬ ಹೆಸರು ಸಿಕ್ಕಿತು, ಗಂಡ ಹೆನ್ರಿ ಆದ.

ಅರ್ಧ ಗಂಟೆಯ ರೇಡಿಯೋ ನಾಟಕದಲ್ಲಿ ಕೊಲೆಗೆ ಕಾರಣವನ್ನು ಬಿಡಿಸಿ ಹೇಳುವುದಿಲ್ಲ. ಸಿನಿಮಾ ಬಿಡಿಸಿ ಹೇಳುತ್ತದೆ. ಲಿಯೋನಾಳ ತಂದೆ ದೊಡ್ಡ ಔಷಧ ಕಂಪನಿಯ ಮಾಲೀಕ. ಮಾವನ ಕಂಪನಿಯಲ್ಲಿ ಹೆಸರಿಗೆ ಮಾತ್ರ ಹುದ್ದೆ ಇರುವ ಹೆನ್ರಿ ಅಲ್ಲಿನ ಮಾದಕ ಔಷಧ ಕದ್ದು ಮಾರಲು ಶುರುಮಾಡುತ್ತಾನೆ. ಕೊನೆಗೆ ಒಬ್ಬ ರೌಡಿಗೆ 2 ಲಕ್ಷ ಡಾಲರ್ ಕೊಡಬೇಕಾಗಿ ಬರುತ್ತದೆ. ಕಾಯಿಲೆಯ ಹೆಂಡತಿಯ ಜೀವ ವಿಮೆ ಇದೆಯಲ್ಲ ಎಂದು ಆ ರೌಡಿ ನೆನಪಿಸುತ್ತಾನೆ.

ಪ್ರಥಮ ಪಿ.ಯು.ಸಿ. ವ್ಯವಹಾರ ಅಧ್ಯಯನದಲ್ಲಿ ವಿಮೆಯ ತತ್ವಗಳನ್ನು ನಾವು ಉರು ಹೊಡೆದಿದ್ದೇವೆ. ಅದರಲ್ಲಿ ವಿಮಾ ಹಿತಾಸಕ್ತಿ ಎಂಬುದೊಂದು. ಯಾರ ಜೀವಕ್ಕೆ ವಿಮೆ ಮಾಡಿಸುತ್ತೇವೋ ಅವರು ಬದುಕಿರುವುದರಲ್ಲಿ ನಮಗೆ ಹಿತ ಇರಬೇಕು, ಅವರು ಹೋದರೆ ನಮಗೆ ನಷ್ಟವಾಗಬೇಕು. ಇಂಗ್ಲೆಂಡಿನಲ್ಲಿ ಹಿಂದೆ ಸಂಬಂಧವೇ ಇಲ್ಲದವರ ಜೀವದ ಮೇಲೆ ವಿಮೆ ಮಾಡಿಸಿ ಜೂಜಾಡುತ್ತಿದ್ದರು. ಅದನ್ನು ತಡೆಯಲು 1774ರಲ್ಲಿ ಕಾನೂನು ಬಂತು. ಗಂಡ ಹೆಂಡತಿಗೆ ಪರಸ್ಪರ ಈ ಹಿತಾಸಕ್ತಿ ಇದ್ದೇ ಇದೆ ಎಂದು ಕಾನೂನು ನಂಬುತ್ತದೆ. ಜೀವ ವಿಮೆಯಲ್ಲಿ ಪಾಲಿಸಿ ಮಾಡಿಸುವಾಗ ಹಿತಾಸಕ್ತಿ ಇದ್ದರೆ ಸಾಕು ಎಂದೂ ಓದಿದ್ದೇವೆ. ಹೆನ್ರಿಯ ಕಥೆ ಆ ವಾಕ್ಯದ ಕತ್ತಲೆಯ ಬದಿ. ಮದುವೆಯ ದಿನ ಇದ್ದ ಹಿತ ಅವನಲ್ಲಿ ಈಗ ಇಲ್ಲ, ಪಾಲಿಸಿ ಮಾತ್ರ ಇದೆ. ಇಂಥವರಿಗೆ ಲಾಭ ಸಿಗಬಾರದೆಂದು ಕಾನೂನುಗಳೂ ಎಚ್ಚರ ವಹಿಸಿವೆ. ನಮ್ಮ ಶರೀಅತ್‌ನ ವಿರಾಸತ್ ನಿಯಮದಲ್ಲೂ ಕೊಂದವನಿಗೆ ಕೊಲೆಯಾದವರ ಆಸ್ತಿಯಲ್ಲಿ ಪಾಲಿಲ್ಲ.

ನಮ್ಮ ಕಿವಿಗೆ ಬಿದ್ದರೆ?

ನಾಟಕದ ನಂತರ ತರಗತಿಯಲ್ಲಿ ಒಬ್ಬಳು ಕೇಳಿದಳು: "ಬೇರೆಯವರ ಮಾತು ಕದ್ದು ಕೇಳುವುದು ಗುನಾಹ್ ಅಲ್ಲವೇ ಮಿಸ್?" ಒಳ್ಳೆಯ ಪ್ರಶ್ನೆ. ಸೂರಃ ಅಲ್-ಹುಜುರಾತ್‌ನಲ್ಲಿ ಇನ್ನೊಬ್ಬರ ಗುಟ್ಟು ಕೆದಕಬಾರದೆಂಬ ತಾಕೀತು ಇದೆ. ಮಜ್ಲಿಸ್‌ನಲ್ಲಿ ಆಡಿದ ಮಾತು ಅಮಾನತ್ ಎಂದೂ ದೀನಿಯಾತ್ ಪಾಠದಲ್ಲಿ ಕಲಿತಿದ್ದೇವೆ. ಆದರೆ ಅನ್ಯಾಯವಾಗಿ ರಕ್ತ ಹರಿಸುವ ಸಂಚು ಆ ಅಮಾನತ್‌ನೊಳಗೆ ಬರುವುದಿಲ್ಲ ಎಂದು ನಮ್ಮ ಉಸ್ತಾದರು ವಿವರಿಸಿದರು. ಹುಡುಕಿಕೊಂಡು ಹೋಗಿ ಕೇಳುವುದು ತಪ್ಪು. ತಾನಾಗಿ ಕಿವಿಗೆ ಬಿದ್ದ ಅಪಾಯವನ್ನು ಮುಚ್ಚಿಡುವುದೂ ತಪ್ಪು.

ನಮ್ಮ ದೇಶದ ಕಾನೂನೂ ಇದನ್ನೇ ಹೇಳುತ್ತದೆ. 2024ರ ಜುಲೈ 1ರಿಂದ ಜಾರಿಯಲ್ಲಿರುವ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 33ನೇ ಕಲಂ ಪ್ರಕಾರ, ಕೊಲೆಯಂತಹ ಕೆಲವು ಗಂಭೀರ ಅಪರಾಧಗಳು ನಡೆದದ್ದಷ್ಟೇ ಅಲ್ಲ, ಅಂಥದ್ದನ್ನು ಮಾಡುವ ಉದ್ದೇಶ ಯಾರಿಗೋ ಇದೆ ಎಂದು ತಿಳಿದರೂ ಪೊಲೀಸರಿಗೆ ಅಥವಾ ಮ್ಯಾಜಿಸ್ಟ್ರೇಟರಿಗೆ ತಿಳಿಸುವುದು ಪ್ರತಿಯೊಬ್ಬರ ಕರ್ತವ್ಯ. 173ನೇ ಕಲಂ ಪ್ರಕಾರ ಗಂಭೀರ ಅಪರಾಧ ನಡೆದ ಮಾಹಿತಿಯನ್ನು ಯಾವ ಠಾಣೆಯಲ್ಲಾದರೂ ಕೊಡಬಹುದು, 'ಇದು ನಮ್ಮ ಸರಹದ್ದಲ್ಲ' ಎಂದು ಕಳುಹಿಸುವಂತಿಲ್ಲ. ತುರ್ತಿಗೆ 112 ಇದೆ. ಕರೆ ಮಾಡಿದಾಗ ಮೊದಲು ಜಾಗ, ಆಮೇಲೆ ಏನಾಗುತ್ತಿದೆ, ಆಮೇಲೆ ನಮ್ಮ ಹೆಸರು ಹೇಳಬೇಕು. ಮಿಸೆಸ್ ಸ್ಟೀವನ್‌ಸನ್ ಮಾಡಿದಂತೆ ಸಿಟ್ಟನ್ನು ಮೊದಲು ಹೇಳಿದರೆ ವಿಷಯ ಹಿಂದೆ ಬೀಳುತ್ತದೆ.

ಕೊನೆಗೆ, ನಮ್ಮ ಮನೆಯ ಮಾತು

ನನ್ನ ದಾದಿಗೆ ಮೊಣಕಾಲು ನೋವು, ಹೆಚ್ಚಾಗಿ ಮಂಚದ ಮೇಲೇ ಇರುತ್ತಾರೆ. ಅವರ ಕೈಯಲ್ಲಿ ಒಂದು ಬಟನ್ ಫೋನ್. ಒಳಗಿನ ಕೋಣೆಯಿಂದ ಮೇಲಿನ ಮನೆಯಲ್ಲಿ ಓದುತ್ತಿರುವ ನನಗೆ ದಿನಕ್ಕೆ ಹತ್ತು ಸಲವಾದರೂ ರಿಂಗ್ ಕೊಡುತ್ತಾರೆ. ಫ್ಯಾನ್ ಜೋರಾಗಿದೆ. ಗೇಟ್ ತೆರೆದಿದೆ. ಬೆಕ್ಕು ಬಂದಿದೆ. ಹತ್ತರಲ್ಲಿ ಒಂಬತ್ತು ಸಲ ಏನೂ ಇರುವುದಿಲ್ಲ.

ಕಳೆದ ವರ್ಷ ರಂಜಾನ್ ತಿಂಗಳ ಒಂದು ಸಂಜೆ ಅಕೌಂಟೆನ್ಸಿ ಲೆಕ್ಕ ಟ್ಯಾಲಿ ಆಗದೆ ಕೂತಿದ್ದೆ. ದಾದಿಯ ಫೋನ್ ಬಂತು, "ಏನೋ ವಾಸನೆ" ಎಂದರು. "ಪಕ್ಕದ ಮನೆಯ ಇಫ್ತಾರ್ ಅಡುಗೆ, ದಾದಿ" ಎಂದು ಇಟ್ಟೆ. ಮತ್ತೆ ಬಂತು, ಕಟ್ ಮಾಡಿದೆ. ಮೂರನೆಯದನ್ನೂ ಕಟ್ ಮಾಡಿದೆ. ನಾಲ್ಕನೇ ಕರೆ ಬರಲಿಲ್ಲ. ಬರಲಿಲ್ಲವಲ್ಲ ಎಂದೇ ಕೆಳಗೆ ಇಳಿದೆ. ಅಡುಗೆಮನೆಯ ಗ್ಯಾಸ್ ಸ್ಟೌವಿನ ಒಂದು ನಾಬ್ ಅರ್ಧ ತಿರುಗಿತ್ತು, ಉರಿ ಇರಲಿಲ್ಲ. ಅಮ್ಮಿ ಖರ್ಜೂರ ತರಲು ಅಂಗಡಿಗೆ ಹೋಗಿದ್ದರು. ದಾದಿ ಗೋಡೆ ಹಿಡಿದುಕೊಂಡು ಅರ್ಧ ದಾರಿ ಬಂದು, ಮುಂದೆ ಬರಲಾಗದೆ ನಡುಮನೆಯಲ್ಲಿ ನೆಲದ ಮೇಲೆ ಕೂತಿದ್ದರು. ನಾಬ್ ಮುಚ್ಚಿ ಕಿಟಕಿಗಳನ್ನೆಲ್ಲ ತೆರೆದೆ. ಅಲ್ಲಾಹನ ದಯೆ, ಯಾರಿಗೂ ಏನೂ ಆಗಲಿಲ್ಲ. ದಾದಿ ನನ್ನನ್ನು ಬಯ್ಯಲೂ ಇಲ್ಲ. "ನಿನಗೆ ಓದುವುದಿತ್ತು" ಎಂದರು ಅಷ್ಟೆ.

ತರಗತಿಯಲ್ಲಿ ಆಪರೇಟರ್ ಧ್ವನಿಗೆ ನಕ್ಕವರಲ್ಲಿ ನಾನೂ ಇದ್ದೆ. ಆ 'ಕ್ಲಿಕ್' ಕೇಳಿದಾಗ ನನಗೆ ನೆನಪಾದದ್ದು ನಾನು ಕಟ್ ಮಾಡಿದ ಎರಡು ಕರೆಗಳು. ಈಗಲೂ ದಾದಿ ದಿನಕ್ಕೆ ಹತ್ತು ಸಲ ಫೋನ್ ಮಾಡುತ್ತಾರೆ. ಈಗಲೂ ಒಂಬತ್ತು ಸಲ ಬೆಕ್ಕೇ ಬಂದಿರುತ್ತದೆ. ಹತ್ತು ಸಲವೂ ಎದ್ದು ಕೆಳಗೆ ಹೋಗಿ ನೋಡಿ ಬರುತ್ತೇನೆ.